ಕಾರ್ಕಳದ ಗ್ಲ್ಯಾಡಿಸ್

ಇನ್ನು ಮುಂದೆ ನನ್ನೆದುರು ಯಾರೂ ಯಾವ ನೆಪ ಹೇಳಿಯೂ ಪಾರಾಗುವಂತಿಲ್ಲ ಎಂದು ನಾನು ಘೋಷಿಸಿದ್ದು ೧೯೮೪ರ ಜನವರಿಯಲ್ಲಿ. ಉಡುಪಿಯ ಬಸ್‌ಸ್ಟ್ಯಾಂಡಿನ ಹತ್ತಿರ ಒಂದು ಮಹಡಿಯ ಮೇಲೆ ನನ್ನ ಟೈಪಿಂಗ್ ಅಂಗಡಿ. ಜೋಕಿಮ್ ಡಿಸೋಜ, ಹತ್ತೊಂಬತ್ತು ವರ್ಷಗಳ ಸೇವೆ, ಒಂದೂ ತಪ್ಪಿಲ್ಲ. ಹೀಗೆಂದು ಬೋರ್ಡಿನಲ್ಲಿ ಬರೆಸಿರಲಿಲ್ಲ, ಬಂದವರಿಗೆಲ್ಲ ಬಾಯಲ್ಲೇ ಹೇಳುತ್ತಿದ್ದೆ.

ಘೋಷಣೆಗೆ ಕಾರಣ ಮಣಿಪಾಲದ ಕುಶಲಾ ಮೇಡಂ. ಅವರು ಮನಶ್ಶಾಸ್ತ್ರದಲ್ಲಿ ಪ್ರಬಂಧ ಬರೆಯುತ್ತಿದ್ದರು. ವಿಷಯ: ನೋವು ತಾಗದಂತೆ ಮನಸ್ಸು ಮಾಡಿಕೊಳ್ಳುವ ಉಪಾಯಗಳು. ಮೂರನೆಯ ಅಧ್ಯಾಯವನ್ನು ಅವರು ತಿದ್ದಿ ತಿದ್ದಿ ನನ್ನಿಂದ ಐದು ಸಲ ಟೈಪ್ ಮಾಡಿಸಿದರು. ಐದು ಸಲ ಕೇಳಿದರೆ ಅಂಗಡಿಯ ಗೋಡೆಗೂ ಬಾಯಿಪಾಠವಾದೀತು, ನಾನು ಮನುಷ್ಯ. ಕಣ್ಣೆದುರಿನ ಸತ್ಯವನ್ನು ಇಲ್ಲವೆನ್ನುವುದು ನಿರಾಕರಣೆ. ಒಬ್ಬರ ಮೇಲಿನ ಸಿಟ್ಟನ್ನು ಇನ್ನೊಬ್ಬರ ಮೇಲೆ ತೀರಿಸುವುದು ಸ್ಥಾನಾಂತರ. ಆ ವಾರವೇ ಕಾಪುವಿನ ನಮ್ಮ ಮನೆಗೆ ಹೋಗುವ ಬಸ್ಸಿನಲ್ಲಿ ಕಿರುಚಾಡುತ್ತಿದ್ದ ಕಂಡಕ್ಟರನಿಗೆ, "ಬೆಳಿಗ್ಗೆ ಮನೆಯಲ್ಲಿ ಬೈಸಿಕೊಂಡು ಬಂದಿದ್ದೀರಿ, ಅಲ್ವಾ?" ಎಂದು ಕೇಳಿದೆ. ಅವನು ನನ್ನನ್ನು ಎರಡು ಸ್ಟಾಪು ಮೊದಲೇ ಇಳಿಸಿದ. ಇದೂ ಸ್ಥಾನಾಂತರವೇ ಎಂದುಕೊಂಡು ವಿದ್ವಾಂಸನ ಗತ್ತಿನಲ್ಲಿ ನಡೆದು ಮನೆ ಸೇರಿದೆ.

ಅವತ್ತೇ ನನ್ನ ಹೆಂಡತಿ ಗ್ಲ್ಯಾಡಿಸ್ ಹೇಳಿದಳು, "ಎದೆಯಲ್ಲಿ ಒಂದು ಗಂಟು ಉಂಟು."

"ಕೊಬ್ಬು," ಎಂದೆ.

"ನೀವು ಡಾಕ್ಟರಾದದ್ದು ಯಾವಾಗ?"

"ನನ್ನ ಅಮ್ಮನಿಗೂ ಇತ್ತು. ಎಂತದೂ ಆಗಲಿಲ್ಲ."

"ಅವರಿಗೆ ಇದ್ದದ್ದು ಬೆನ್ನಿನಲ್ಲಿ," ಎಂದು ಗ್ಲ್ಯಾಡಿಸ್ ಒಳಗೆ ಹೋದಳು. ನಾನು ರೇಡಿಯೋ ದೊಡ್ಡದು ಮಾಡಿದೆ.

ಮರುವಾರ ಅವಳು ಪಕ್ಕದ ಮನೆಯ ಚಂಪಾಳನ್ನು ಕರೆದುಕೊಂಡು ಉಡುಪಿಯ ಡಾಕ್ಟರರಲ್ಲಿಗೆ ಹೋಗಿ ಬಂದಳು. ಗಂಟಿನಿಂದ ಒಂದು ಚೂರು ತೆಗೆದು ಪರೀಕ್ಷೆಗೆ ಕಳಿಸಿದ್ದರು.

"ರಿಪೋರ್ಟು ಟಪಾಲಿನಲ್ಲಿ ಬರುತ್ತದಂತೆ. ಬಂದ ಕೂಡಲೇ ತರಬೇಕಂತೆ. ಆ ಲ್ಯಾಬಿನದ್ದೆಲ್ಲ ನೀವೇ ಅಲ್ವಾ ಟೈಪ್ ಮಾಡುವುದು? ಒಮ್ಮೆ ನೋಡಿ."

"ನಾನು ಟೈಪ್ ಮಾಡುವುದು, ಓದುವುದಿಲ್ಲ," ಎಂದೆ ಗಂಭೀರವಾಗಿ. "ಬೆರಳು ಕೆಲಸ ಮಾಡುತ್ತದೆ, ತಲೆ ಬೇರೆ ಕಡೆ ಇರುತ್ತದೆ. ಹಾಗಾಗಿಯೇ ತಪ್ಪಾಗುವುದಿಲ್ಲ. ಅಲ್ಲದೆ ರೋಗಿಗಳ ವಿಷಯ ಗುಟ್ಟು."

"ರೋಗಿ ನಾನೇ ಅಲ್ವಾ?"

"ನಿಯಮ ಎಲ್ಲರಿಗೂ ಒಂದೇ."

ಅದಾಗಿ ಆರನೆಯ ದಿನವೋ ಏನೋ, ನಾನು ಮಾರ್ಕೆಟಿಗೆ ಹೋಗಿ ಎರಡು ಕಿಲೋ ಮಟ್ಟುಗುಳ್ಳ ಬದನೆ ತಂದೆ. ಮದುವೆಯಾಗಿ ಹದಿನಾಲ್ಕು ವರ್ಷಗಳಲ್ಲಿ ನಾನಾಗಿ ತರಕಾರಿ ತಂದದ್ದು ಅದೇ ಮೊದಲು. ಗ್ಲ್ಯಾಡಿಸ್ ಚೀಲವನ್ನೂ ನನ್ನನ್ನೂ ನೋಡಿದಳು. "ಎಂತ ವಿಶೇಷ?" "ಪ್ರೀತಿ," ಎಂದೆ, ಕೋಳಿಗೂಡಿನ ಕಡೆ ನೋಡುತ್ತ. ಮರುದಿನವೂ ಗುಳ್ಳ ತಂದೆ, ಅದರ ಮರುದಿನವೂ ತಂದೆ. ಸಾರು, ಎಣ್ಣೆಯಲ್ಲಿ ಕರಿದ ಪೋಡಿ, ಒಣ ಸಿಗಡಿ ಹಾಕಿದ ಪಲ್ಯ. ನಮ್ಮ ಮನೆಯಲ್ಲಿ ಬದನೆಯ ಸಾಮ್ರಾಜ್ಯವೇ ಸ್ಥಾಪನೆಯಾಯಿತು. ಗೂಡು ರಿಪೇರಿ ಮಾಡಿದೆ, ಕಂಪೌಂಡಿಗೆ ಸುಣ್ಣ ಬಳಿದೆ, ಹತ್ತು ವರ್ಷಗಳಿಂದ ಕಿರುಗುಟ್ಟುತ್ತಿದ್ದ ಬಾಗಿಲಿಗೆ ಎಣ್ಣೆ ಹಾಕಿದೆ. ಒಂದು ಘಳಿಗೆ ಸುಮ್ಮನೆ ಕೂತರೆ ಎದೆ ಹೊಡೆದುಕೊಳ್ಳುತ್ತಿತ್ತು. ಗುಳ್ಳ ವಾಯು ಎಂದುಕೊಂಡೆ.

ರಿಪೋರ್ಟು ಮಾತ್ರ ಬರಲಿಲ್ಲ. ಹತ್ತು ದಿನವಾಯಿತು, ಹದಿನೈದಾಯಿತು. ಕೊನೆಗೆ ಪೋಸ್ಟ್‌ಮ್ಯಾನ್ ಕೂಸಪ್ಪನನ್ನು ರಸ್ತೆಯಲ್ಲೇ ಅಡ್ಡಗಟ್ಟಿದೆ.

"ನಿಮಗೆ ಕಾಗದ ಬಂದರೆ ಅಲ್ವಾ ನಾನು ತರುವುದು?" ಎಂದರು ಕೂಸಪ್ಪ.

"ತನ್ನ ಸೋಮಾರಿತನಕ್ಕೆ ಮರ್ಯಾದಸ್ಥ ಕಾರಣ ಕೊಡುವುದಕ್ಕೂ ಒಂದು ಹೆಸರುಂಟು. ಅಧ್ಯಾಯ ಮೂರು."

"ನಿಮಗೆ ಸೌಖ್ಯ ಇಲ್ವಾ ಡಿಸೋಜರೆ?"

ಅವರ ಮೇಲೆ ಮೂರು ಪುಟದ ದೂರು ಟೈಪ್ ಮಾಡಿ ಪೋಸ್ಟಾಫೀಸಿಗೆ ಕೊಟ್ಟೆ. ಇಪ್ಪತ್ತು ವರ್ಷಗಳಿಂದ ಬಿಸಿಲಲ್ಲಿ ಸೈಕಲ್ ತುಳಿಯುತ್ತಿದ್ದ ಮನುಷ್ಯನನ್ನು ವಿಚಾರಣೆಗೆ ಕರೆದರು.

ಮೊದಲ ಸಲ ಗುಳ್ಳ ತಂದ ಇಪ್ಪತ್ತೆರಡನೆಯ ದಿನ ಮಧ್ಯಾಹ್ನ ನನ್ನ ಅಂಗಡಿಗೆ ಒಬ್ಬ ಹೆಂಗಸು, ಜೊತೆಗೆ ಅವರ ಗಂಡ, ಏದುಸಿರು ಬಿಡುತ್ತ ಮೆಟ್ಟಿಲು ಹತ್ತಿ ಬಂದರು. ಲ್ಯಾಬಿನ ಡಾಕ್ಟರು ಊಟಕ್ಕೆ ಹೋಗಿದ್ದರಿಂದ ಕೌಂಟರಿನವನು ನನ್ನಲ್ಲಿಗೆ ಕಳಿಸಿದ್ದನಂತೆ.

"ಈ ಕಾಗದ ನೀವು ಮಾಡಿದ್ದಾ?" ಎಂದು ಗಂಡ ವಿಲ್ಫ್ರೆಡ್ ಲಕೋಟೆ ತೋರಿಸಿದರು. "ಕಾರ್ಕಳದಿಂದ ಬಂದೆವು. ಇವಳು ಹದಿನೆಂಟು ದಿನ ಇದನ್ನು ಅಕ್ಕಿ ಡಬ್ಬಿಯಲ್ಲಿ ಅಡಗಿಸಿಟ್ಟಿದ್ದಳು. ನಿನ್ನೆ ನನ್ನ ಕೈಗೆ ಸಿಕ್ಕಿತು."

"ನನಗೆ ಯಾವ ಗಂಟೂ ಇಲ್ಲ," ಎಂದರು ಹೆಂಗಸು.

ನನ್ನೊಳಗಿನ ವಿದ್ವಾಂಸ ಎದ್ದು ಕೂತ. ಕಾಗದ ಬಿಡಿಸಿ ನೋಡುವ ಗೋಜಿಗೂ ಹೋಗಲಿಲ್ಲ.

"ಅಮ್ಮಾ, ಇದಕ್ಕೆ ನಿರಾಕರಣೆ ಎಂದು ಹೆಸರು. ಸತ್ಯ ತಡೆದುಕೊಳ್ಳಲು ಆಗದಿದ್ದರೆ ಮನಸ್ಸು ಬಾಗಿಲು ಹಾಕಿಕೊಳ್ಳುತ್ತದೆ. ಹೆದರಬೇಡಿ."

"ಎಂತ ಬಾಗಿಲು ಮಾರಾಯ್ರೆ? ನನಗೆ ಯಾರೂ ಕತ್ತಿ ತಾಗಿಸಿಲ್ಲ. ಚೂರು ತೆಗೆದದ್ದು ಎಲ್ಲಿಂದ?"

"ಅದೂ ಮರೆತು ಹೋಗುತ್ತದೆ. ಅಧ್ಯಾಯ ನಾಲ್ಕು."

"ಹೆಸರು ನನ್ನದೇ, ಆದರೆ ಪ್ರಾಯ ಮೂವತ್ತೊಂಬತ್ತು ಅಂತ ಉಂಟು. ನನಗೆ ಅರುವತ್ತೆರಡು. ಅದನ್ನೂ ಮರೆತದ್ದಾ?" ಅವರ ಕಣ್ಣಲ್ಲಿ ನೀರು ಬಂತು. "ಸಾಯುತ್ತೇನೆ ಎಂದು ಕೊರಳಿನ ಸರ ಸೊಸೆಗೆ ಕೊಟ್ಟಾಯಿತು. ಈಗ ವಾಪಸು ಕೇಳುವುದು ಹೇಗೆ?"

ನಾನು ನಗುತ್ತ ಕಾಗದ ಬಿಡಿಸಿದೆ. ಗ್ಲ್ಯಾಡಿಸ್ ಡಿಸೋಜ. ಪ್ರಾಯ ಮೂವತ್ತೊಂಬತ್ತು. ಇಗರ್ಜಿಯ ಹತ್ತಿರ, ಕಾರ್ಕಳ. ಕೆಳಗೆ ಎಡಮೂಲೆಯಲ್ಲಿ, ಟೈಪ್ ಮಾಡಿದವನ ಗುರುತಿಗೆ ಹಾಕುವ ಎರಡು ಸಣ್ಣ ಅಕ್ಷರಗಳು, ನನ್ನವು. ತಾರೀಖು ನಾನು ಮೊದಲ ಸಲ ಗುಳ್ಳ ತಂದ ದಿನದ್ದು.

ತಂತಿಗೆ ಚುಚ್ಚಿಟ್ಟ ಲ್ಯಾಬಿನ ಹಳೆಯ ಚೀಟಿಗಳನ್ನು ತೆಗೆದು ಹುಡುಕಿದೆ. ಲ್ಯಾಬಿನವರ ಕೈಬರಹ ಓದಲಾಗುವುದಿಲ್ಲ ಎಂದು ಯಾವತ್ತೂ ದೂರುವವನು ನಾನು. ಆ ಚೀಟಿಯಲ್ಲಿ ಇಗರ್ಜಿಯ ಹತ್ತಿರ, ಕಾಪು ಎಂದು ಅಚ್ಚುಕಟ್ಟಾಗಿ ಬರೆದಿತ್ತು. ಹತ್ತೊಂಬತ್ತು ವರ್ಷಗಳಲ್ಲಿ ನನ್ನ ಬೆರಳು ಒಂದೇ ಒಂದು ತಪ್ಪು ಮಾಡಿತ್ತು: ನನ್ನ ಹೆಂಡತಿಯ ಕ್ಯಾನ್ಸರನ್ನು ಮೂವತ್ತು ಚಿಲ್ಲರೆ ಕಿಲೋಮೀಟರ್ ದೂರದ ಊರಿಗೆ ಕಳಿಸಿಕೊಟ್ಟಿತ್ತು.

"ಇದು ನಿಮ್ಮದಲ್ಲ ಅಮ್ಮಾ," ಎಂದೆ.

"ಮತ್ತೆ ಯಾರದ್ದು?"

ಆ ಹೆಂಗಸು ನನ್ನ ಮುಖ ನೋಡಿ, ತಮ್ಮ ಚೀಲದಿಂದ ಬಾಟಲಿ ತೆಗೆದು ನನಗೆ ನೀರು ಕೊಟ್ಟರು.

ಕಾಪುವಿಗೆ ಬರುವ ಬಸ್ಸಿನಲ್ಲಿ ಪ್ರತಿಜ್ಞೆ ಮಾಡಿದೆ: ನೆಪವಿಲ್ಲ, ಉಪಾಯವಿಲ್ಲ, ಮನೆಗೆ ಹೋದೊಡನೆ ನೇರ ಸತ್ಯ. ಗ್ಲ್ಯಾಡಿಸ್ ಅಡುಗೆಮನೆಯಲ್ಲಿ ಹಿಂದಿನ ದಿನದ ಗುಳ್ಳ ಹೆಚ್ಚುತ್ತಿದ್ದಳು.

"ಗ್ಲ್ಯಾಡಿಸ್, ನಿನಗೆ ಒಂದು ವಿಷಯ ಹೇಳಲಿಕ್ಕುಂಟು," ಎಂದೆ. ಅವಳ ಕೈಯ ಗುಳ್ಳ ನೋಡಿದೆ. "ಕೂಸಪ್ಪನ ಮೇಲೆ ದೂರು ಕೊಟ್ಟದ್ದು ತಪ್ಪಾಯಿತು."

ಅವಳು ಸೆರಗಿಗೆ ಕೈ ಒರೆಸಿ ಚಾಚಿದಳು. "ಕೊಡಿ."

"ಎಂತದು?"

"ರಿಪೋರ್ಟು. ಇವತ್ತು ನಿಮ್ಮ ಕೈಯಲ್ಲಿ ಗುಳ್ಳ ಇಲ್ಲ."

ಕೊಟ್ಟೆ. ಓದಿ ಮಡಚಿ ಇಟ್ಟಳು. ಮುಖದಲ್ಲಿ ಗಾಬರಿ ಇರಲಿಲ್ಲ, ಸುಸ್ತು ಇತ್ತು.

"ಮೊದಲ ದಿನ ಚೀಲ ಕೊಟ್ಟು ಕೋಳಿಗೂಡು ನೋಡಿದಿರಲ್ಲ, ಅವತ್ತೇ ಗೊತ್ತಾಯಿತು," ಎಂದಳು.

"ಮತ್ತೆ ಯಾಕೆ ಕೇಳಲಿಲ್ಲ? ಲ್ಯಾಬಿಗೆ ಹೋಗಬಹುದಿತ್ತಲ್ಲ?"

"ಹೋಗಬಹುದಿತ್ತು. ಬಸ್ಸಿಗೂ ಹೊರಟಿದ್ದೆ ಎರಡು ಸಲ. ಕಾಗದ ಬರುವವರೆಗೆ ನನಗೆ ಎಂತದೂ ಆಗಿಲ್ಲ ಅಂತ ಅನಿಸುತ್ತಿತ್ತು." ಹೋಳುಗಳನ್ನು ನೀರಿಗೆ ಹಾಕಿದಳು. "ಗುಳ್ಳ ಚೆನ್ನಾಗಿತ್ತು."

ನಾನು ಅತ್ತೆ. ಯಾವ ಅಧ್ಯಾಯದಲ್ಲೂ ಇಲ್ಲದ ಹಾಗೆ, ಮೂಗು ಸೋರಿಸಿಕೊಂಡು, ಹೆಚ್ಚಿದ ಗುಳ್ಳದ ಮುಂದೆ ಕೂತು ಅತ್ತೆ.

ಸಂಜೆಯೇ ಇಬ್ಬರೂ ಡಾಕ್ಟರರಲ್ಲಿಗೆ ಹೋದೆವು. ಬಸ್ಸಿನಲ್ಲಿ ಅವಳಿಗೆ ನನ್ನ ಬೆರಳಿನ ತಪ್ಪನ್ನೂ ಕಾರ್ಕಳದ ಹೆಂಗಸು ಸೊಸೆಗೆ ಕೊಟ್ಟ ಸರದ ವಿಷಯವನ್ನೂ ಹೇಳಿದೆ. ಅವರು ಕಾಗದದ ತಾರೀಖು ನೋಡಿದರು, ನನ್ನನ್ನು ನೋಡಿದರು. "ಮೂರು ವಾರ ತಡವಾಯಿತು. ಈ ಮೂರು ವಾರ ನಮಗೆ ಬೇಕಿತ್ತು," ಎಂದರು. ಮಣಿಪಾಲದಲ್ಲಿ ಸೇರಿಸಲು ಒಂದು ಫಾರ್ಮು ಕೊಟ್ಟರು. ಮೇಜಿನ ಮೇಲೆ ಹರಡಿಕೊಂಡು ನಾನು ಪೆನ್ನು ತೆಗೆದೆ. ಹೆಸರು, ಪ್ರಾಯ, ಗಂಡನ ಹೆಸರು.

ಗ್ಲ್ಯಾಡಿಸ್ ಕುರ್ಚಿಯನ್ನು ನನ್ನ ಹತ್ತಿರ ಎಳೆದುಕೊಂಡು ಕೂತಳು. ಊರಿನ ಸಾಲು ಬಂದಾಗ ನನ್ನ ಮೊಣಕೈ ಹಿಡಿದಳು.

"ಇಲ್ಲಿ ಮಾತ್ರ ಓದಿಕೊಂಡು ಬರೆಯಿರಿ," ಎಂದಳು. "ಕಾರ್ಕಳದವರು ಪಾಪ, ಇನ್ನೊಂದು ಸರ ಎಲ್ಲಿಂದ ತರುತ್ತಾರೆ?"