ಕಂಡಕ್ಟರ್ ಬಾರಿಸಿದ ಗಂಟೆ

ಕಂಡಕ್ಟರ್ ಹೋದ ಸೋಮವಾರ ತೀರಿಕೊಂಡ. ರಿಟೈರಾಗಿ ವರ್ಷಗಳೇ ಕಳೆದಿದ್ದರೂ ಗೆಳೆಯರಾದ ನಮಗೆ ಅವನು ಕೊನೆಯವರೆಗೂ ಕಂಡಕ್ಟರೇ. ಅಳುತ್ತ ಕೂತರೆ ಅವನಿಗೇ ಬೇಸರವಾದೀತು. ಗಂಟೆಯ ಕಥೆ ಹೇಳುವುದೇ ಮೇಲು.

ಮೊಮ್ಮಗಳು ಟಿ.ವಿ.ಯ ಸ್ಪೆಲ್ಲಿಂಗ್ ಸ್ಪರ್ಧೆಗೆ ಆಯ್ಕೆಯಾದ ದಿನ ಅವನು ಮೀಸೆ ತಿರುವಿ ಘೋಷಿಸಿದ: "ನನ್ನ ಬಸ್ಸು ಒಂದು ಸ್ಟಾಪೂ ಬಿಟ್ಟಿಲ್ಲ. ನನ್ನ ಮೊಮ್ಮಗಳು ಒಂದಕ್ಷರ ಬಿಡ್ತಾಳಾ? ತರಬೇತಿ ನಂದು!"

ಹಳೆಯ ಬಸ್ಸು ಗುಜರಿಗೆ ಹೋಗುವಾಗ ಬೇಡಿ ತಂದಿದ್ದ ಹಿತ್ತಾಳೆ ಗಂಟೆ ಕಪಾಟಿನಿಂದ ಇಳಿಯಿತು. ಬಸ್ಸಿನ ಕಾನೂನೇ ಮನೆಗೂ ಬಂತು: ಅಕ್ಷರ ತಪ್ಪಿದರೆ ಒಂದೇ ಠಣ್, ನಿಲ್ಲು. ಸರಿಯಾದರೆ ಠಣ್ ಠಣ್, ಮುಂದಕ್ಕೆ ಹೋಗು! ಊಟದ ಹೊತ್ತಿಗೂ ಠಣ್ ಠಣ್, ಸ್ನಾನದ ಮನೆಯ ಬಾಗಿಲಲ್ಲೂ ಠಣ್ ಠಣ್. ಹೆಂಡತಿಯ ಕೈಯ ಸೌಟು ಕೂಡ ಒಂದು ಠಣ್‌ಗೆ ನಿಂತು ಎರಡಕ್ಕೆ ತಿರುಗತೊಡಗಿತು.

ಸ್ಪರ್ಧೆಯ ದಿನ ಹೆಂಡತಿ ಬಾಗಿಲಿಗೆ ಅಡ್ಡ ನಿಂತಳು. "ರೀ, ಜೇಬಲ್ಲಿರೋದು ತೆಗೀರಿ. ಅಲ್ಲಿ ತಪ್ಪಾದ್ರೆ ಗಂಟೆ ಹೊಡೀತಾರಂತೆ."

"ಇದು ಅವಳ ಧೈರ್ಯಕ್ಕೆ ಕಣೇ. ಬಾರಿಸಲ್ಲ."

"ನಿಮ್ಮನ್ನ ನಂಬ್ತೀನಿ. ನಿಮ್ಮ ಕೈನ ನಂಬಲ್ಲ!"

ಕೊನೆಯ ಸುತ್ತು. ಮೈಲುದ್ದದ ಪದ. ಮೊಮ್ಮಗಳು ಕಣ್ಣು ಮುಚ್ಚಿ ಒಂದೊಂದೇ ಅಕ್ಷರವನ್ನು ಪ್ರಯಾಣಿಕರಂತೆ ಹತ್ತಿಸಿಕೊಂಡಳು. ಕೊನೆಯ ಅಕ್ಷರ ಹತ್ತಿತೋ ಇಲ್ಲವೋ, ಸಭೆಯ ನಡುವಿನಿಂದ ಠಣ್ ಠಣ್!

"ಅಯ್ಯೋ, ತಪ್ಪಾಯ್ತಲ್ಲ ಪುಟ್ಟಿ," ಎಂದು ನಿರೂಪಕಿ ಮರುಗಿದಳು. ಪುಟ್ಟಿ ಹಲ್ಲು ಕಿರಿದು, "ಮುಂದಿನ ಪದ ಹೇಳಿ ಆಂಟಿ!" ಎಂದಳು. ತೀರ್ಪುಗಾರರು ತಮ್ಮ ಗಂಟೆಯನ್ನೇ ಅನುಮಾನದಿಂದ ನೋಡಿದರು.

ಕಂಡಕ್ಟರ್ ಕುರ್ಚಿ ಹತ್ತಿ ನಿಂತ. "ಸಾರ್, ಗಂಟೆ ನಂದು! ಅವಳದು ರೈಟ್!"

"ಸನ್ನೆ ಮಾಡಿ ಹೇಳಿಕೊಟ್ರಾ? ಹಾಗಾದ್ರೆ ಮಗು ಔಟ್," ಎಂದರು ಮುಖ್ಯ ತೀರ್ಪುಗಾರರು.

ಅವನು ಗಂಟೆ ಎತ್ತಿ ಹಿಡಿದ. "ಜನ ಹತ್ತೋಕೆ ಮುಂಚೆ ಯಾವ ಕಂಡಕ್ಟರ್ ಗಂಟೆ ಹೊಡೀತಾನೆ ಸಾರ್? ರೆಕಾರ್ಡ್ ಹಾಕಿ ನೋಡಿ!"

ಹಾಕಿ ನೋಡಿದರು. ಮೊದಲು ಅಕ್ಷರ, ಆಮೇಲೆ ಗಂಟೆ. ಮುಖ್ಯ ತೀರ್ಪುಗಾರರು ನಗು ತಡೆದುಕೊಂಡು ಅಪ್ಪಣೆ ಕೊಟ್ಟರು: "ಮಗು ಇರಲಿ. ಅಜ್ಜ ಇಳೀಲಿ."

ಜೀವಮಾನವಿಡೀ ಟಿಕೆಟ್ಟಿಲ್ಲದವರನ್ನು ಇಳಿಸಿದವನು ಹೀಗೆ ತಾನೇ ಇಳಿದ! ಮೊಮ್ಮಗಳು ಕಪ್ ಹಿಡಿದು ಹೊರಬಂದಾಗ ಅವನು ಬಾಗಿಲ ಕಾವಲುಗಾರನಿಗೆ ತನ್ನ ತರಬೇತಿಯ ಗುಟ್ಟು ವಿವರಿಸುತ್ತಿದ್ದ.

ಹೋದ ಸೋಮವಾರ ಬೆಳಿಗ್ಗೆ ಅವಳು ಯೂನಿಫಾರ್ಮ್ ತೊಟ್ಟು ಅಜ್ಜನ ಮಂಚದ ಬಳಿ ಬಂದಳು. ಅವನ ಮಾತು ನಿಂತುಹೋಗಿತ್ತು. ಗಂಟೆ ಹಾಸಿಗೆಯಲ್ಲೇ ಇತ್ತು. ನೋಡಲು ಬಂದ ಗೆಳೆಯರು ನಾವೂ ಅಲ್ಲೇ ಇದ್ದೆವು.

"ಅಜ್ಜಾ, ಸ್ಕೂಲಿಗೆ ಹೋಗ್ಲಾ?"

ಠಣ್.

ಒಂದೇ. ಎಲ್ಲರೂ ನಿಂತಲ್ಲೇ ನಿಂತೆವು.

"ಏನ್ರೀ, ನೀರು ಬೇಕಾ?" ಎಂದಳು ಹೆಂಡತಿ.

ಅವನು ನಿಧಾನವಾಗಿ ಬೆರಳೆತ್ತಿ ಮೊಮ್ಮಗಳ ಕಾಲು ತೋರಿಸಿದ. ಶೂ ಲೇಸ್ ಬಿಚ್ಚಿಹೋಗಿತ್ತು. ಅವಳು ಬಗ್ಗಿ ಕಟ್ಟಿಕೊಂಡು ಎದ್ದು ನಿಂತಳು.

ಠಣ್ ಠಣ್.