ಫ್ರೆಂಚ್ ನಿರ್ಮಾಪಕರ ಕೊನೆಯ ಯುದ್ಧ

ನಾನು ನಿವೃತ್ತನಾಗಿ ವರ್ಷಗಳಾದರೂ ಆಫೀಸಿನ ನೆನಪುಗಳು ನಿವೃತ್ತಿ ತಗೊಳ್ಳಲೊಲ್ಲವು. ಡಾಟ್‌ಕಾಮ್ ದಿನಗಳಲ್ಲಿ ಸಾಂಟಾ ಕ್ಲಾರಾದ ನಮ್ಮ ಪುಟ್ಟ ಕಂಪನಿಗೆ ಇಂಟರ್ನೆಟ್ಟಿನಲ್ಲಿ ಸಿನಿಮಾ ತೋರಿಸುವ ಹುಚ್ಚು. ಅದಕ್ಕೆಂದೇ ಫ್ರಾನ್ಸಿನಿಂದ ಒಬ್ಬ ನಿರ್ಮಾಪಕರನ್ನು ಕರೆಸಿದ್ದರು. ನಲವತ್ತು ವರ್ಷ ಕತ್ತಿ, ಕುದುರೆ, ಕೋಟೆಗಳ ಚಿತ್ರಗಳನ್ನು ತಾವೇ ನಿರ್ದೇಶಿಸಿ ತೆಗೆದವರು. ಅವರ ಪಕ್ಕದಲ್ಲೇ ನನ್ನ ಮೇಜು. ಇನ್ನೇನು ಬೇಕು?

ಕುದುರೆ

ಮೊದಲ ಮೀಟಿಂಗಿನಲ್ಲೇ ಅವರು ಮುನ್ನೂರು ಕುದುರೆ ಕೇಳಿದರು.

"ಇಂಟರ್ನೆಟ್ಟಲ್ಲಿ ಚಿತ್ರ ಅಂಚೆಚೀಟಿಯಷ್ಟೇ ಕಾಣೋದು ಸಾರ್," ಅಂದ ನಮ್ಮ ಹುಡುಗ ಮ್ಯಾನೇಜರು.

ಪಾಪ, ನಿರ್ಮಾಪಕರು ರಾತ್ರಿಯೆಲ್ಲ ಯೋಚಿಸಿರಬೇಕು. ಮರುದಿನ ಬಂದು ಹೇಳಿದರು: "ಒಂದೇ ಕುದುರೆ ಸಾಕು. ಆದರೆ ಮುನ್ನೂರು ಸಲ ಓಡಬೇಕು."

ಸೈನ್ಯ

"ಇದು ನನ್ನ ಕೊನೇ ಚಿತ್ರ. ಇದೊಂದು ಮುಗಿದರೆ ಸಾಕು," ಅಂತ ಒಂದು ಮಧ್ಯಾಹ್ನ ನನ್ನ ಹತ್ತಿರ ಹೇಳಿಕೊಂಡರು. ಹೇಗಾದರೂ ಮುಗಿಸಿಕೊಡೋಣ ಅಂತ ನಾನೂ ಓಡಾಡಿದೆ. ಡ್ಯಾನ್‌ವಿಲ್ ಊರಾಚೆಯ ಬಯಲಲ್ಲಿ ಶೂಟಿಂಗಿಗೆ ಒಂದೇ ಭಾನುವಾರದ ಪರ್ಮಿಟ್ಟು, ಅದೂ ಸೂರ್ಯ ಮುಳುಗುವ ತನಕ. ನಲವತ್ತು ಸೈನಿಕರು ಬೇಕಿತ್ತು. ಬಿಸಿಬೇಳೆಬಾತ್ ಇದೆ ಅಂತ ನಮ್ಮ ಕನ್ನಡದವರಿಗೆಲ್ಲ ಫೋನು ಮಾಡಿದೆ. ಎಪ್ಪತ್ತು ಜನ ಬಂದರು.

ಯುದ್ಧ ಶುರುವಾಯಿತು. ಬಿದ್ದವರಿಗೆ ಕಾಲು ತಾಕಿದಾಗಲೆಲ್ಲ ನಮ್ಮ ಸೈನಿಕರು ಬಗ್ಗಿ ಮುಟ್ಟಿ ಕಣ್ಣಿಗೊತ್ತಿಕೊಳ್ಳುವುದು.

"ಹೆಣಗಳ ಜೇಬು ತಡಕ್ತಿದ್ದಾರಾ?" ಅಂದರು ನಿರ್ಮಾಪಕರು.

"ಇಲ್ಲ ಸಾರ್, ಕ್ಷಮೆ ಕೇಳ್ತಿದ್ದಾರೆ."

"ಕೊಂದಿದ್ದಕ್ಕಾ?"

"ಅಲ್ಲ ಸಾರ್, ಕಾಲು ತಾಗಿದ್ದಕ್ಕೆ."

ಕೊನೆಯ ಶಾಟು

ಸೂರ್ಯ ಗುಡ್ಡಕ್ಕಿಳಿದಿದ್ದ. ಒಂದೇ ಶಾಟು ಬಾಕಿ: ನಾಯಕ ಖಳನನ್ನು ಕೊಂದು, ಎದೆಯ ಮೇಲೆ ಕಾಲಿಟ್ಟು ಕತ್ತಿ ಎತ್ತಬೇಕು. ನಾಯಕ ಮಂಡ್ಯದ ಒಬ್ಬ ಎಂಜಿನಿಯರು. ಖಳ ಅವನ ಮಾವ. ಮಗಳನ್ನು ನೋಡಿಕೊಂಡು ಹೋಗಲು ಊರಿಂದ ಬಂದಿದ್ದವರನ್ನು ಮೀಸೆ ಚೆನ್ನಾಗಿದೆ ಅಂತ ಹಿಡಿದು ಹಾಕಿದ್ದೆವು.

"ಮಾವನ ಎದೆ ಮೇಲೆ ಕಾಲಾ? ನನ್ನ ಹೆಂಡ್ತಿ ಅಲ್ಲೇ ನಿಂತವ್ಳೆ ಸಾರ್," ಅಂದ ಅಳಿಯ.

ಸತ್ತು ಮಲಗಿದ್ದ ಮಾವ ಕಣ್ಣು ತೆರೆಯದೆ ಗದರಿದರು: "ಇಡ್ರೀ ಅಳಿಯಂದ್ರೆ, ಬೇಗ. ಬೆನ್ನಿಗೆ ಇರುವೆ ಕಚ್ತಾವೆ."

ಕ್ಯಾಮೆರಾ ಓಡಿತು. ಅಳಿಯ ಕಾಲಿಟ್ಟ, ಕತ್ತಿ ಎತ್ತಿದ. ಅದ್ಭುತವಾಗಿತ್ತು. ನಿರ್ಮಾಪಕರು 'ಕಟ್' ಅನ್ನುವುದಕ್ಕೆ ಮುಂಚೆ ಅವನು ಕಾಲು ತೆಗೆದು, ಮಾವನ ಪಾದ ಮುಟ್ಟಿ ಕಣ್ಣಿಗೊತ್ತಿಕೊಂಡ. ಆ ಹೆಣ ಮೆಲ್ಲಗೆ ಬಲಗೈ ಎತ್ತಿ, "ನೂರು ಕಾಲ ಬಾಳಿ," ಅಂತು.

ಸೂರ್ಯ ಮುಳುಗಿದ. ಶಾಟು ಕೆಟ್ಟಿತಲ್ಲ ಅಂತ ಕ್ಷಮೆ ಕೇಳಲು ನಾನು ನಿರ್ಮಾಪಕರ ಹತ್ತಿರ ಹೋದೆ. ನಕ್ಕು ನಕ್ಕು ಅವರ ಕಣ್ಣಲ್ಲಿ ನೀರು.

"ನಲವತ್ತು ವರ್ಷದಲ್ಲಿ ಸಾವಿರಾರು ಜನರನ್ನು ಕೊಲ್ಲಿಸಿದ್ದೀನಿ," ಅಂದರು. "ಒಬ್ಬನೂ ಹೀಗೆ ಕೊಂದವನನ್ನೇ ಹರಸಿ ಸತ್ತಿರಲಿಲ್ಲ. ಇದೇ ಶಾಟು ಇರಲಿ. ಚಿತ್ರ ಮುಗೀತು, ಊಟ ಉಳಿದಿದೆಯಾ ನೋಡಿ."