ಒಟ್ಟೋ ಅವರ ಒಂದು ನಿಮಿಷ

ಭಾನುವಾರ ಮಧ್ಯಾಹ್ನ ಹೊಟ್ಟೆ ತುಂಬ ಉಂಡು ಕಾಲು ಚಾಚಿದರೆ, ಆ ಜೊಂಪಿನಲ್ಲಿ ನಾನು ಏನೇನೋ ಆಗಿಬಿಡುತ್ತೇನೆ: ಹಡಗಿನ ಕಪ್ತಾನ, ಸಂಗೀತ ವಿದ್ವಾಂಸ, ಒಮ್ಮೊಮ್ಮೆ ಸಿನಿಮಾ ನಾಯಕ. ಎಚ್ಚರವಾದರೆ ಅದೇ ನೈರೋಬಿ, ಅದೇ ಬ್ಯಾಂಕಿನ ಕಂಪ್ಯೂಟರ್ ಕಾಯುವ ಕೆಲಸ. ಇಲ್ಲಿನ ಸೌತ್ ಸಿ ಬಡಾವಣೆಯಲ್ಲಿ ನಮ್ಮ ಕೆಳಗಿನ ಮನೆಯ ಒಟ್ಟೋ ಹೀಗೆ ಏನೇನೋ ಎಚ್ಚರದಲ್ಲೇ ಆದವರು. ಜರ್ಮನಿಯ ಸಿನಿಮಾ, ಟಿವಿಗಳಲ್ಲಿ ಜೀವಮಾನವಿಡೀ ಸಣ್ಣ ಪಾತ್ರಗಳು: ಪೋಸ್ಟ್‌ಮ್ಯಾನ್, ಪಾದ್ರಿ, ಕೊಲೆಗಾರನ ಚಿಕ್ಕಪ್ಪ. "ನಾನು ಬಾಗಿಲು ತೆಗೀತಿದ್ದೆ, ನಾಯಕ ಒಳಗೆ ಬರ್ತಿದ್ದ. ಅಲ್ಲಿಗೆ ನನ್ನ ಕೆಲಸ ಮುಗೀತು" ಎಂದು ಇಂಗ್ಲಿಷಿನಲ್ಲಿ ಹೇಳಿ ನಗುತ್ತಿದ್ದರು. ವಯಸ್ಸಾದ ಮೇಲೆ, ಇಲ್ಲಿ ಶಾಲೆಯಲ್ಲಿ ಪಾಠ ಹೇಳುವ ಮಗಳು ಗ್ರೇಟಾಳ ಜೊತೆ ಇರಲು ಬಂದಿದ್ದರು.

ಹೋದ ವರ್ಷ ಜರ್ಮನಿಯ ಟಿವಿಯವರು ಚಿತ್ರೀಕರಣಕ್ಕೆ ನೈರೋಬಿಗೆ ಬಂದು, ಒಟ್ಟೋಗೆ ಒಂದು ದೃಶ್ಯ ಕೊಟ್ಟರು. ಹೋಟೆಲಿನಲ್ಲಿ ಕೂತ ಮುದುಕ, ನಾಯಕ ಬಂದು "ನಿಮ್ಮ ಮಗ ಇನ್ನಿಲ್ಲ" ಎನ್ನುತ್ತಾನೆ, ಮುದುಕ ಮಾತಾಡುವುದಿಲ್ಲ. "ಪೂರಾ ಒಂದು ನಿಮಿಷ, ನನ್ನ ಮುಖ ಮಾತ್ರ!" ಎಂದಾಗ ಅವರ ಕಣ್ಣು ಮದುವೆ ಗಂಡಿನ ಹಾಗೆ ಹೊಳೆಯಿತು.

ತಾಲೀಮು ನಮ್ಮ ಊಟದ ಮೇಜಿನಲ್ಲಿ. ನಾಯಕನ ಮಾತು ಓದುವವನು ನಾನು. ಸಾರು ಆರುತ್ತಿತ್ತು, ನಾನು ಗದ್ಗದಿತನಾಗುತ್ತಿದ್ದೆ. "ನೀನು ಅಳಬೇಡ, ಸುದ್ದಿ ಹೇಳು ಸಾಕು" ಎಂದು ಒಟ್ಟೋ ತಡೆಯುತ್ತಿದ್ದರು. ಆಮೇಲೆ ಅವರು ಸುಮ್ಮನೆ ಕೂರುವರು. ಮುಖದ ಮೇಲೆ ಏನೋ ಮೋಡದ ನೆರಳಿನಂತೆ ಹಾದುಹೋಗುತ್ತಿತ್ತು. ನನ್ನ ಹೆಂಡತಿ ಸುಧಾ ಸೌಟು ಹಿಡಿದೇ ಕಣ್ಣೊರೆಸಿಕೊಳ್ಳುವಳು. "ಪಾಪ, ಇವರಿಗೆ ನಿಜವಾಗ್ಲೂ ಒಬ್ಬ ಮಗ ಇದ್ದನೇನ್ರೀ?" ಇರಲಿಲ್ಲ.

ಚಿತ್ರೀಕರಣದ ದಿನ ಗ್ರೇಟಾಗೆ ಶಾಲೆಯಿತ್ತು. ಕಾರಿನಲ್ಲಿ ಕರೆದೊಯ್ದವನು ನಾನೇ. ಅಲ್ಲಿ ಯಾರೋ ನನ್ನನ್ನು ಹಿಂದಿನ ಮೇಜಿನಲ್ಲಿ ಕೂರಿಸಿ, ಟೀ ಕುಡಿಯುತ್ತಿರಿ, ಬೇರೇನೂ ಮಾಡಬೇಡಿ ಎಂದರು. ಕುಡಿದೆ. ಒಟ್ಟೋರ ನಿಮಿಷ ಮುಗಿದಾಗ ದೀಪ ಹಿಡಿದವನೂ ಉಸಿರು ಬಿಗಿಹಿಡಿದಿದ್ದ.

ಚಿತ್ರ ಬಂದ ದಿನ ನಮ್ಮ ಮನೆಯಲ್ಲೇ ಎಲ್ಲರೂ ಸೇರಿದೆವು. ಸುಧಾ ಕೇಸರಿಬಾತ್ ಮಾಡಿದ್ದಳು. ದೃಶ್ಯ ಬಂತು. ನಾಯಕನ ಮುಖ. ಮತ್ತೆ ನಾಯಕನ ಮುಖ. ಆಮೇಲೆ ಟೀ ಕಪ್ ಹಿಡಿದ ಒಟ್ಟೋರ ಕೈ. ಅದರ ಹಿಂದೆ, ಸ್ಪಷ್ಟವಾಗಿ, ದುಃಖದಲ್ಲಿ ಮುಳುಗಿ ಟೀ ಹೀರುತ್ತಿರುವ ನಾನು! ಮುಂದಿನ ದೃಶ್ಯ ಶುರುವಾಯಿತು.

"ಅಪ್ಪಾ, ದಟ್ಸ್ ಯೂ!" ಎಂದು ನನ್ನ ಮಗಳು ಕಿರುಚಿದಳು.

ಒಟ್ಟೋ ನನ್ನ ಕಡೆ ತಿರುಗಿದರು. "ಚೆನ್ನಾಗಿತ್ತು. ಆಗ ಏನು ಯೋಚಿಸ್ತಿದ್ದೆ?"

"ಕಾರು ಸರಿಯಾದ ಕಡೆ ನಿಲ್ಲಿಸಿದೀನೋ ಇಲ್ವೋ ಅಂತ."

ಅವರು ಗಟ್ಟಿಯಾಗಿ ನಕ್ಕರು. ನಕ್ಕು ಮುಗಿದ ಮೇಲೆ ತಮ್ಮ ಬಲಗೈಯನ್ನು ಒಮ್ಮೆ ತಿರುಗಿಸಿ ನೋಡಿಕೊಂಡರು. ಗ್ರೇಟಾ ಕಿಟಕಿಯ ಕಡೆ ಮುಖ ಮಾಡಿದಳು.

ಸುಧಾ ಎದ್ದು ಟಿವಿ ಆರಿಸಿದಳು. "ಅಂಕಲ್, ಅವ್ರು ತೋರಿಸ್ದೇ ಇದ್ರೇನು? ನೀವು ಇಲ್ಲೇ ಮಾಡಿ. ರೀ, ನೀವು ಓದಿ."

ಕುರ್ಚಿಗಳು ಅರ್ಧಚಂದ್ರವಾದವು. ನಾನು ಗಂಟಲು ಸರಿಮಾಡಿಕೊಂಡು ಸುದ್ದಿ ಹೇಳಿದೆ. ಒಟ್ಟೋ ಕೇಳಿಸಿಕೊಂಡರು. ಸಂಜೆಬಿಸಿಲು ಅವರ ಕೆನ್ನೆಯ ಮೇಲೆ ನಿಂತಿತ್ತು. ದೂರದಲ್ಲಿ ಮಟಾಟು ವ್ಯಾನೊಂದರ ಹಾರ್ನ್ ಕನಸಿನಲ್ಲೆಂಬಂತೆ ಕೇಳಿ ಕರಗಿತು. ಆ ನಿಮಿಷ ಎಷ್ಟು ಹೊತ್ತು ನಡೆಯಿತೋ. ಕೊನೆಗೆ ಗ್ರೇಟಾ ಬಂದು ಅಪ್ಪನನ್ನು ತಬ್ಬಿಕೊಂಡಾಗಲೇ ನಾವು ಉಸಿರಾಡಿದ್ದು.

ಅವರೆಲ್ಲ ಹೋದ ಮೇಲೆ ಸುಧಾಳನ್ನು ಮೆಲ್ಲಗೆ ಕೇಳಿದೆ: "ಇವತ್ತು ಒಂಚೂರೂ ಅಳದೆ ಹೇಳ್ದೆ. ಹೇಗಿತ್ತು?"

ಅವಳು ತಟ್ಟೆ ಎತ್ತುತ್ತಲೇ, ಇನ್ನೂ ಅದೇ ಗುಂಗಿನಲ್ಲಿ ಅಂದಳು: "ಹೌದಾ? ನೀವೂ ಏನೋ ಹೇಳಿದ್ರಾ?"